ಅಮೀರ್‌ಬಾಯಿ ಕರ್ನಾಟಕಿ: ಮುಖ ಅನ್ಯರದು, ದನಿ ಬೀಳಗಿಯದು

ರೋಣ, ನರಗುಂದ, ಗಜೇಂದ್ರಗಡಗಳ ಜನರಿಗೆ ಒಂದು ಕಾಲದಲ್ಲಿ ರಾಜಧಾನಿಯೆಂದರೆ ಬೆಂಗಳೂರಾಗಿರಲಿಲ್ಲ, ಮುಂಬಯಿಯಾಗಿತ್ತು. ಧಾರವಾಡ ಜಿಲ್ಲೆಯೊಡನೆ ಈ ಸೀಮೆಯೂ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ಕಾಯ್ದೆ ಬರುತ್ತಿದ್ದುದು ಅಲ್ಲಿಂದ, ಅರಳೆಯ ಧಾರಣೆ ನಿಗದಿಯಾಗುತ್ತಿದ್ದುದೂ ಅಲ್ಲಿಯೇ. ಅಲ್ಲಿಗೆ ಹೋಗುವ ದಾರಿಯೂ ಮನೆಯ ಹತ್ತಿರವೇ ಇತ್ತು. ಗದಗಿನಿಂದ ಹೊರಟ ಮೀಟರ್‌ಗೇಜ್ ಗಾಡಿ ರೋಣ ತಾಲ್ಲೂಕಿನ ಹೊಳೆಆಲೂರಿನಲ್ಲಿ ನಿಂತು, ಮಲಪ್ರಭೆಯ ಸೀಮೆಯನ್ನು ಹಿಂದಿಕ್ಕಿ ಬಾದಾಮಿ, ಬಾಗಲಕೋಟೆ, ಬಿಜಾಪುರಗಳನ್ನು ಮುಟ್ಟಿ ಹೊಟಗಿಯನ್ನು ಸೇರುತ್ತಿತ್ತು. ಹೊಟಗಿಯಲ್ಲಿ ದೊಡ್ಡ ಗಾಡಿಯನ್ನು ಹಿಡಿದರೆ ಮುಂಬಯಿ ದೂರವಿರಲಿಲ್ಲ. ಹತ್ತಿಯ ಅಂಡಿಗೆಗಳು, ವ್ಯಾಪಾರಿಗಳು, ಕೋರ್ಟಿನ ಕಾಗದ ಹಿಡಿದ ರೈತರು ಸಾಗಿದ ಈ ಹಳಿಯ ಮೇಲೆಯೇ ಉತ್ತರ ಕರ್ನಾಟಕದ ಸಂಗೀತವೂ ಸಾಗಿತು.

1922ರಲ್ಲಿ ರೋಣದಲ್ಲಿ ಜನಿಸಿದ ಭೀಮಸೇನ ಜೋಶಿಯವರು ಹನ್ನೊಂದರ ಪ್ರಾಯದಲ್ಲಿ, 1933ರಲ್ಲಿ, ಗುರುವನ್ನು ಅರಸಿ ಮನೆಬಿಟ್ಟು ಬಿಜಾಪುರದ ದಿಕ್ಕಿಗೆ ಹೊರಟ ಕಥೆ ನಾಡಿಗೆಲ್ಲ ಗೊತ್ತು. ಅಬ್ದುಲ್ ಕರೀಂಖಾನರ ಗ್ರಾಮಫೋನ್ ತಟ್ಟೆಯೊಂದು ಆ ಹುಡುಗನನ್ನು ಮನೆಯಿಂದ ಹೊರಡಿಸಿತ್ತು. ಅದರ ಮರುವರ್ಷ, 1934ರಲ್ಲಿ, ಅದೇ ಸೀಮೆಯ ಇನ್ನೊಂದು ಮಗ್ಗುಲಿನ ಬೀಳಗಿಯಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳು ಹಿಂದಿ ಚಿತ್ರವೊಂದರಲ್ಲಿ ಮೊದಲ ಬಾರಿಗೆ ತೆರೆಯ ಮೇಲೆ ಕಾಣಿಸಿಕೊಂಡಳು. ಸಂಗೀತಕ್ಕಾಗಿ ಮನೆಬಿಟ್ಟ ಹುಡುಗನನ್ನು ಲೋಕ ಸಾಧಕನೆಂದು ಕರೆಯಿತು. ಸಂಗೀತಕ್ಕಾಗಿ ಊರುಬಿಟ್ಟ ಹೆಣ್ಣನ್ನು ಏನೆಂದು ಕರೆಯಬೇಕೆಂಬುದು ಬಹುಕಾಲದವರೆಗೆ ಅದಕ್ಕೆ ಹೊಳೆಯಲಿಲ್ಲ. ಹೊಳೆದ ಹೆಸರುಗಳು ಹೇಳುವಂಥವಾಗಿರಲಿಲ್ಲ.

ಆ ಹೆಣ್ಣುಮಗಳು ಅಮೀರ್‌ಬಾಯಿ ಕರ್ನಾಟಕಿ. ಹಿಂದಿ ಚಿತ್ರರಂಗದ ಮೊದಲ ತಲೆಮಾರಿನ ಗಾಯಕಿ, ನಟಿ. ಕನ್ನಡ ಕೋಗಿಲೆಯೆಂದು ಕರೆಸಿಕೊಂಡವರು.

ಈ ಹೆಸರಿನ ಕೊನೆಯ ಪದದ ಬಳಿ ಕ್ಷಣಕಾಲ ನಿಲ್ಲಬೇಕು. ಕಲಾವಿದರು ಊರಿನ ಹೆಸರನ್ನು ಅಡ್ಡಹೆಸರಾಗಿ ಧರಿಸುವುದು ಆಗಿನ ಮರಾಠಿ, ಹಿಂದಿ ಕಲಾಲೋಕದಲ್ಲಿ ರೂಢಿಯಾಗಿತ್ತು. ಹೀರಾಬಾಯಿ ಬಡೋದೆಕರ್ ಇದ್ದರು, ಹುಬ್ಬಳ್ಳಿ ಬಳಿಯ ಅದರಗುಂಚಿಯಿಂದ ಹೋದ ಶಾಂತಾ ಹುಬಳೀಕರ್ ಇದ್ದರು. ಆದರೆ ಬೀಳಗಿಯ ಸೋದರಿಯರಾದ ಅಮೀರ್‌ಬಾಯಿ ಮತ್ತು ಗೋಹರ್‌ಬಾಯಿ ಊರನ್ನು ಹೆಸರಾಗಿ ಇಟ್ಟುಕೊಳ್ಳಲಿಲ್ಲ, ನಾಡನ್ನೇ ಇಟ್ಟುಕೊಂಡರು. ಅದೂ ಎಂಥ ಕಾಲದಲ್ಲಿ? ಕರ್ನಾಟಕವೆಂಬ ರಾಜ್ಯ ಭೂಪಟದಲ್ಲಿ ಎಲ್ಲಿಯೂ ಇರದಿದ್ದ ಕಾಲದಲ್ಲಿ. ಕನ್ನಡನಾಡು ಆಗ ಮುಂಬಯಿ, ಮದರಾಸು, ಹೈದರಾಬಾದು, ಮೈಸೂರು, ಕೊಡಗು ಎಂದು ಹಂಚಿಹೋಗಿತ್ತು. ಏಕೀಕರಣಕ್ಕಾಗಿ ರೋಣ ತಾಲ್ಲೂಕಿನ ಜಕ್ಕಲಿಯ ಅಂದಾನಪ್ಪ ದೊಡ್ಡಮೇಟಿಯವರು ತಮ್ಮ ಶಾಸಕ ಸ್ಥಾನವನ್ನು ತ್ಯಜಿಸಿದ್ದು 1953ರಲ್ಲಿ. ಅದೇ ವರ್ಷ ಅದರಗುಂಚಿಯ ಶಂಕರಗೌಡ ಪಾಟೀಲರು ಆಮರಣ ಉಪವಾಸ ಕುಳಿತರು. ರಾಜ್ಯ ಒಂದಾದದ್ದು 1956ರ ನವೆಂಬರ್ 1ರಂದು. ಅದಕ್ಕೆ ಕರ್ನಾಟಕವೆಂಬ ಹೆಸರು ಬಂದದ್ದು 1973ರಲ್ಲಿ. ಅಷ್ಟು ಹೊತ್ತಿಗೆ ಅಮೀರ್‌ಬಾಯಿ ತೀರಿಕೊಂಡು ಎಂಟು ವರ್ಷಗಳಾಗಿದ್ದವು. ನಾಡಿನ ಹೆಸರು ಅಧಿಕೃತವಾಗುವ ಎಷ್ಟೋ ಮುಂಚೆ ಅದು ಚಿತ್ರಗಳ ಜಾಹೀರಾತಿನಲ್ಲಿ, ಗ್ರಾಮಫೋನ್ ತಟ್ಟೆಯ ದುಂಡನೆಯ ಚೀಟಿಯಲ್ಲಿ ಇಬ್ಬರು ಮುಸ್ಲಿಂ ಹೆಣ್ಣುಮಕ್ಕಳ ಹೆಸರಿನೊಂದಿಗೆ ಅಚ್ಚಾಗುತ್ತಿತ್ತು. ಏಕೀಕರಣದ ಇತಿಹಾಸ ಬರೆದವರಲ್ಲಿ ಹೆಚ್ಚಿನವರು ಈ ಸಂಗತಿಗೆ ಒಂದು ಸಾಲನ್ನೂ ಕೊಟ್ಟಿಲ್ಲ.

ಅಮೀರ್‌ಬಾಯಿ ಜನಿಸಿದ್ದು 1906ರ ಸುಮಾರಿಗೆ, ಅಂದಿನ ಬಿಜಾಪುರ ಜಿಲ್ಲೆಯ ಬೀಳಗಿಯಲ್ಲಿ. 1997ರಲ್ಲಿ ಗದಗ ಜಿಲ್ಲೆ ಹುಟ್ಟಿದಾಗಲೇ ರಚನೆಯಾದ ಬಾಗಲಕೋಟೆ ಜಿಲ್ಲೆಗೆ ಈ ಊರು ಸೇರಿದೆ. ಹಾಡು, ನಾಟಕಗಳ ನಂಟಿದ್ದ ಮನೆತನ ಅದು. ಮನೆಯ ಮಾತು ಕನ್ನಡ. ಐವರು ಸೋದರಿಯರಲ್ಲಿ ಅಮೀರ್ ಮತ್ತು ಗೋಹರ್ ಇಬ್ಬರೂ ಹಾಡಿನಿಂದ ಹೆಸರು ಗಳಿಸಿದರು.

ಅವರು ಬೆಳೆದ ಕಾಲದ ಉತ್ತರ ಕರ್ನಾಟಕವನ್ನು ನಾಟಕ ಕಂಪನಿಗಳ ನಾಡೆಂದರೆ ಉತ್ಪ್ರೇಕ್ಷೆಯಲ್ಲ. ಗದಗಿನಲ್ಲಿ ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿಯಿತ್ತು. ಶಿರಹಟ್ಟಿ, ಹಲಗೇರಿ, ಕೊಣ್ಣೂರುಗಳ ಹೆಸರು ಹೊತ್ತ ಕಂಪನಿಗಳು ಊರೂರು ಸುತ್ತುತ್ತಿದ್ದವು. ಬನದ ಹುಣ್ಣಿಮೆಗೆ ಬಾದಾಮಿಯ ಬನಶಂಕರಿಯಲ್ಲಿ ಜಾತ್ರೆ ಕೂಡಿದರೆ ತೇರಿನಷ್ಟೇ ಜನ ನಾಟಕದ ತಂಬುಗಳಿಗೂ ಸೇರುತ್ತಿದ್ದರು. ರೋಣ, ಗಜೇಂದ್ರಗಡ, ನರಗುಂದಗಳ ಕಡೆಯಿಂದ ಚಕ್ಕಡಿ ಕಟ್ಟಿಕೊಂಡು, ಬುತ್ತಿರೊಟ್ಟಿ ಗಂಟು ಕಟ್ಟಿಕೊಂಡು ಬಂದವರು ರಾತ್ರಿ ನಾಟಕ ನೋಡಿ ನಸುಕಿನಲ್ಲಿ ಊರ ದಾರಿ ಹಿಡಿಯುತ್ತಿದ್ದರು. ಬನಶಂಕರಿಯಲ್ಲಿ ಕಂಪನಿಗಳು ತಿಂಗಳುಗಟ್ಟಲೆ ಬೀಡುಬಿಡುವ ಪದ್ಧತಿ ಇಂದಿಗೂ ನಿಂತಿಲ್ಲ.

ಆದರೆ ಬಹುತೇಕ ಕಂಪನಿಗಳಲ್ಲಿ ಹೆಣ್ಣಿನ ಪಾತ್ರವನ್ನು ಗಂಡಸರೇ ಕಟ್ಟುತ್ತಿದ್ದ ಕಾಲ ಅದು. ಗುಳೇದಗುಡ್ಡದ ಯಲ್ಲೂಬಾಯಿ, ಸ್ತ್ರೀಯರದೇ ನಾಟಕ ಮಂಡಳಿ ನಡೆಸಿದ ಲಕ್ಷ್ಮೇಶ್ವರದ ಬಚ್ಚಾಸಾನಿಯಂಥವರು ಆ ಕಟ್ಟನ್ನು ಮುರಿದರು. ಮುರಿದದ್ದಕ್ಕೆ ಬೆಲೆಯನ್ನೂ ತೆತ್ತರು. ರಂಗದ ಮೇಲೆ ಅವರಿಗೆ ಬಿದ್ದ ಚಪ್ಪಾಳೆ ಬೀದಿಯಲ್ಲಿ ಗೌರವವಾಗಿ ಮಾರ್ಪಡುತ್ತಿರಲಿಲ್ಲ. ರಾತ್ರಿ ಅವರ ಹಾಡಿಗೆ ಒನ್ಸ್‌ಮೋರ್ ಕೂಗಿದವರು ಹಗಲಿನಲ್ಲಿ ಅವರಿಗೆ ಬಾಡಿಗೆಗೆ ಮನೆ ಕೊಡಲು ಹಿಂದೆ ಮುಂದೆ ನೋಡುತ್ತಿದ್ದರು. ಬೀಳಗಿಯ ಸೋದರಿಯರು ಈ ದಾರಿಯಲ್ಲಿ ನಡೆದವರು. ರಂಗದ ಮೇಲೆ ಹಾಡಿ ಪಳಗಿದ ಗಂಟಲು ಅವರದು. ಮೈಕಿಲ್ಲದ ಕಾಲದಲ್ಲಿ ತಂಬುವಿನ ಕಟ್ಟಕಡೆಯ ಸಾಲಿಗೂ ದನಿ ತಲುಪಬೇಕಿತ್ತು. ಆ ದನಿಯ ಎಸೆತ ಅಮೀರ್‌ಬಾಯಿಯ ಹಾಡುಗಳಲ್ಲಿ ಕಡೆಯವರೆಗೂ ಉಳಿಯಿತು.

ಮುಂಬಯಿಯಲ್ಲಿ ಅವರಿಗೆ ಬಾಗಿಲು ತೆರೆಸಿದವರು ಸೋದರಿ ಗೋಹರ್‌ಬಾಯಿ. ಆಗಲೇ ಚಿತ್ರಗಳಲ್ಲಿ ನೆಲೆಯೂರಿದ್ದ ಗೋಹರ್ ಮೂಲಕ 1934ರಲ್ಲಿ ವಿಷ್ಣುಭಕ್ತಿ ಎಂಬ ಚಿತ್ರದಲ್ಲಿ ಅಮೀರ್‌ಬಾಯಿಗೆ ಪಾತ್ರ ದೊರೆಯಿತು. ಕನ್ನಡದ ಹೆಣ್ಣುಮಗಳು ಕನ್ನಡ ಚಿತ್ರ ಬಿಟ್ಟು ಹಿಂದಿಗೇಕೆ ಹೋದಳೆಂದು ಇಂದು ಯಾರಾದರೂ ಕೇಳಬಹುದು. ಉತ್ತರ ಸರಳವಾಗಿದೆ. ಕನ್ನಡದ ಮೊದಲ ವಾಕ್ಚಿತ್ರ ಸತಿ ಸುಲೋಚನ ತೆರೆ ಕಂಡದ್ದೂ ಅದೇ 1934ರಲ್ಲಿ. ಅದರ ಚಿತ್ರೀಕರಣ ನಡೆದದ್ದು ಕೊಲ್ಹಾಪುರದ ಸ್ಟುಡಿಯೋದಲ್ಲಿ. ಹಾಡಿ, ನಟಿಸಿ ಹೊಟ್ಟೆ ಹೊರೆಯಬೇಕೆಂದ ಬಿಜಾಪುರ, ಧಾರವಾಡ ಜಿಲ್ಲೆಗಳ ಕಲಾವಿದರಿಗೆ ಪುಣೆ, ಕೊಲ್ಹಾಪುರ, ಮುಂಬಯಿಗಳೇ ಗತಿಯಾಗಿದ್ದವು.

ಮೊದಲ ಎಂಟು ವರ್ಷಗಳ ವೃತ್ತಿ ಬೆಳಗಿದ್ದೇನೂ ಅಲ್ಲ. ಸಿಕ್ಕವು ಪೋಷಕ ಪಾತ್ರಗಳು. ಪೌರಾಣಿಕ, ಭಕ್ತಿ ಚಿತ್ರಗಳಲ್ಲಿ ನಾಯಕಿಯ ಬಳಿ ನಿಲ್ಲುವ ಹೆಂಗಸು, ಕಥೆಯ ನಡುವೆ ಬಂದು ಒಂದು ಹಾಡು ಹೇಳಿ ಹೋಗುವ ಭಕ್ತೆ, ಇಂಥವು. ಅಂದಿನ ಪೋಷಕ ನಟಿಯ ದುಡಿಮೆಯನ್ನು ಇಂದಿನ ಕಣ್ಣಿನಿಂದ ಅಳೆಯಲಾಗದು. ಕ್ಯಾಮೆರಾ ತಿರುಗುತ್ತಿರುವಾಗಲೇ ಹಾಡಬೇಕಿತ್ತು. ವಾದ್ಯದವರು ಮರದ ಮರೆಯಲ್ಲೋ ಪರದೆಯ ಹಿಂದೆಯೋ ಅಡಗಿ ಕುಳಿತು ನುಡಿಸುತ್ತಿದ್ದರು. ಮೈಕ್ ಚೌಕಟ್ಟಿನೊಳಗೆ ಕಾಣದಂತೆ ತಲೆಯ ಮೇಲೆ ತೂಗುತ್ತಿತ್ತು. ಹಾಡು ತಪ್ಪಿದರೆ ನಟನೆಯೂ ಮೊದಲಿನಿಂದ, ಹೆಜ್ಜೆ ತಪ್ಪಿದರೆ ಹಾಡೂ ಮೊದಲಿನಿಂದ. ಹೀಗಾಗಿ ಹಾಡಬಲ್ಲ ಪೋಷಕ ನಟಿಗೆ ಸ್ಟುಡಿಯೋಗಳಲ್ಲಿ ಕೆಲಸವಿತ್ತು. ಸಂಬಳವೂ ಇತ್ತು. ಹೆಸರು ಮಾತ್ರ ಜಾಹೀರಾತಿನಲ್ಲಿ ನಾಲ್ಕನೆಯದೋ ಐದನೆಯದೋ ಆಗಿ ಬರುತ್ತಿತ್ತು.

1940ರಲ್ಲಿ ವಿಜಯ ಭಟ್ಟರ ನರಸೀ ಭಗತ್ ಚಿತ್ರ ಬಂದಿತು. ನರಸೀ ಮೆಹತಾ ಪಾತ್ರದಲ್ಲಿ ವಿಷ್ಣುಪಂತ ಪಾಗ್ನೀಸರು. ಪ್ರಭಾತದ ತುಕಾರಾಮನಾಗಿ ಮನೆಮಾತಾಗಿದ್ದ ನಟರು ಅವರು. ಜೊತೆಗೆ ದುರ್ಗಾ ಖೋಟೆ. ಅಮೀರ್‌ಬಾಯಿ ಪೋಷಕ ಪಾತ್ರದಲ್ಲಿದ್ದರು. ಗಾಂಧೀಜಿಯವರ ಪ್ರಾರ್ಥನಾ ಸಭೆಗಳಿಂದ ದೇಶದ ಮೂಲೆಮೂಲೆಗೆ ತಲುಪಿದ್ದ ನರಸೀ ಮೆಹತಾರ ವೈಷ್ಣವ ಭಜನೆಯನ್ನು ಈ ಚಿತ್ರದಲ್ಲಿ ಹಾಡಿದವರಲ್ಲಿ ಅವರೊಬ್ಬರು. ಗಾಂಧೀಜಿ ಅವರ ಹಾಡುಗಾರಿಕೆಯನ್ನು ಮೆಚ್ಚಿದ್ದರೆಂಬ ಮಾತು ಅಂದಿನಿಂದಲೂ ಪ್ರಚಲಿತವಾಗಿದೆ. ಮೆಚ್ಚಿಕೆಯ ಮಾತು ಹಾಗಿರಲಿ, ಬೀಳಗಿಯ ಮುಸ್ಲಿಂ ಹೆಣ್ಣುಮಗಳೊಬ್ಬಳು ಗುಜರಾತಿ ವೈಷ್ಣವ ಸಂತನ ಪದವನ್ನು ಹಿಂದಿ ಚಿತ್ರದಲ್ಲಿ ಹಾಡಿದ್ದು, ಅದನ್ನು ಜನ ಭಕ್ತಿಯಿಂದ ಕೇಳಿದ್ದು ಯಾರಿಗೂ ವಿಶೇಷವೆನಿಸಲಿಲ್ಲ. ಶಿಶುನಾಳದ ಷರೀಫರ ಪದಗಳನ್ನು ಭಜನೆಯಲ್ಲಿ ಹಾಡುತ್ತ ಬಂದ ಸೀಮೆಯವರಿಗಂತೂ ಅದರಲ್ಲಿ ವಿಶೇಷವೆನಿಸುವುದು ಏನೂ ಇರಲಿಲ್ಲ.

ಅಷ್ಟರಲ್ಲಿ ಚಿತ್ರರಂಗದ ತಂತ್ರವೇ ಬದಲಾಗಿತ್ತು. 1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್ ಹಿನ್ನೆಲೆ ಗಾಯನವನ್ನು ಬಳಕೆಗೆ ತಂದ ಮೇಲೆ ಮುಖ ಒಬ್ಬರದು, ದನಿ ಇನ್ನೊಬ್ಬರದು ಆಗುವ ಹಾದಿ ತೆರೆಯಿತು. ಹಾಡು ಬಾರದ ಚೆಲುವೆ ನಾಯಕಿಯಾಗಬಹುದಾಯಿತು. ಚೆಲುವೆಯೆನಿಸದ ಗಾಯಕಿ ಮರೆಯಲ್ಲಿ ನಿಂತು ಹಾಡಬಹುದಾಯಿತು. ಈ ಬದಲಾವಣೆ ಅಮೀರ್‌ಬಾಯಿಗೆ ವರವೂ ಆಯಿತು, ಒಂದು ಬಗೆಯಲ್ಲಿ ಶಾಪವೂ ಆಯಿತು.

ವರ ಬಂದದ್ದು 1943ರಲ್ಲಿ. ಮಲಾಡಿನ ಬಾಂಬೆ ಟಾಕೀಸ್ ಸಂಸ್ಥೆ ಗ್ಯಾನ್ ಮುಖರ್ಜಿಯವರ ನಿರ್ದೇಶನದಲ್ಲಿ ಕಿಸ್ಮತ್ ಚಿತ್ರವನ್ನು ಬಿಡುಗಡೆ ಮಾಡಿತು. ಸಂಗೀತ ಅನಿಲ್ ಬಿಸ್ವಾಸ್ ಅವರದು, ಗೀತೆಗಳು ಕವಿ ಪ್ರದೀಪರವು. ನಾಯಕ ಅಶೋಕ್ ಕುಮಾರ್ ಒಬ್ಬ ಜೇಬುಗಳ್ಳ. ನಾಯಕಿ ಮುಮ್ತಾಜ್ ಶಾಂತಿ ರಂಗಮಂದಿರದಲ್ಲಿ ಹಾಡಿ ಸಾಲ ತೀರಿಸುವ, ಕಾಲು ಊನವಾದ ಹೆಣ್ಣುಮಗಳು. ಆ ರಂಗಗಾಯಕಿಯ ಪಾತ್ರಕ್ಕೆ ದನಿ ಕೊಟ್ಟವರು ನಿಜಜೀವನದ ರಂಗಗಾಯಕಿ ಅಮೀರ್‌ಬಾಯಿ. ಹಾಡಿ ಮನೆ ನಡೆಸುವ ಹೆಣ್ಣಿನ ಪಾಡನ್ನು ಅವರು ಯಾರಿಂದಲೂ ಕೇಳಿ ತಿಳಿಯಬೇಕಿರಲಿಲ್ಲ.

ಅದರ ಒಂದು ಹಾಡು ಚಿತ್ರವನ್ನೇ ಮೀರಿ ಬೆಳೆಯಿತು. ಪರಕೀಯರು ಹಿಂದೂಸ್ಥಾನದಿಂದ ತೊಲಗಬೇಕೆಂದು ಸಾರುವ ಸಮೂಹಗೀತೆಯದು. ಅಮೀರ್‌ಬಾಯಿ ಅದನ್ನು ಖಾನ್ ಮಸ್ತಾನಾ ಜೊತೆ ಹಾಡಿದರು. 1942ರ ಚಲೇಜಾವ್ ಚಳವಳಿಯ ಕಾವು ಆರಿರಲಿಲ್ಲ, ನಾಯಕರೆಲ್ಲ ಸೆರೆಮನೆಯಲ್ಲಿದ್ದರು. ಸೆನ್ಸಾರಿನ ಕಣ್ಣಿಗೆ ಮಣ್ಣೆರಚಲು ಗೀತೆಯಲ್ಲಿ ಜರ್ಮನಿ, ಜಪಾನುಗಳ ಹೆಸರನ್ನು ಸೇರಿಸಲಾಗಿತ್ತು. ತೊಲಗಬೇಕಾದವರು ಯಾರೆಂಬುದು ಟಾಕೀಸಿನ ನೆಲದ ಮೇಲೆ ಕುಳಿತ ಪ್ರೇಕ್ಷಕನಿಗೂ ತಿಳಿದಿತ್ತು. ಕಿಸ್ಮತ್ ಕಲಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಬ್ರಿಟಿಷರ ವಿರುದ್ಧ 1858ರಲ್ಲಿ ಬಂಡೆದ್ದ ಬಾಬಾಸಾಹೇಬನನ್ನು ನೆನೆಯುವ ನರಗುಂದದಂಥ ಊರಿನವರಿಗೆ ಆ ದನಿ ತಮ್ಮದೇ ಸೀಮೆಯದೆಂದು ಹೆಮ್ಮೆಪಡಲು ಕಾರಣವಿತ್ತು. ಆದರೆ ತೆರೆಯ ಮೇಲೆ ಕಾಣುತ್ತಿದ್ದ ಮುಖ ಬೇರೆಯವರದು. ಹಿನ್ನೆಲೆಯಲ್ಲಿ ಹಾಡಿದವರ ಹೆಸರನ್ನು ತೆರೆಯ ಮೇಲೆ ತೋರಿಸುವ ರೂಢಿ ಆಗಿನ್ನೂ ಗಟ್ಟಿಯಾಗಿರಲಿಲ್ಲ. ಹಳ್ಳಿಗೆ ಟೂರಿಂಗ್ ಟಾಕೀಸು ಬಂದಾಗ ಚಿತ್ರ ನೋಡಿದವರಿಗೆ ಹಾಡು ಮುಮ್ತಾಜ್ ಶಾಂತಿಯದೇ ಎನಿಸಿದ್ದರೆ ಆಶ್ಚರ್ಯವಿಲ್ಲ. ಗ್ರಾಮಫೋನ್ ಉಳ್ಳವರಿಗಷ್ಟೇ ನಿಜ ಗೊತ್ತಿತ್ತು. ಗ್ರಾಮಫೋನ್ ಇದ್ದದ್ದಾದರೂ ಎಷ್ಟು ಮನೆಗಳಲ್ಲಿ?

ಮುಂದಿನ ನಾಲ್ಕೈದು ವರ್ಷ ಅವರ ಜೀವನದ ಮಧ್ಯಾಹ್ನ. 1944ರ ರತನ್ ಚಿತ್ರದಲ್ಲಿ ನೌಷಾದ್ ಅವರಿಗಾಗಿ ವಿರಹದ ಹಾಡೊಂದನ್ನು ಹಾಡಿದರು. ಆ ಚಿತ್ರದ ಹೆಚ್ಚಿನ ಹಾಡುಗಳು ಜೋಹರಾಬಾಯಿ ಅಂಬಾಲೆವಾಲಿಯವರ ಪಾಲಿಗೆ ಬಂದಿದ್ದವು. ಆದರೂ ಆ ಒಂದೇ ಹಾಡು ಅವುಗಳ ನಡುವೆ ಮರೆಯಾಗದೆ ನಿಂತಿತು. ಅದೇ ವರ್ಷದ ಭರ್ತೃಹರಿ ಚಿತ್ರಕ್ಕೆ ಖೇಮಚಂದ್ ಪ್ರಕಾಶರ ಸಂಗೀತದಲ್ಲಿ ಚಂದ್ರನನ್ನು ಪ್ರಿಯನ ನಾಡಿಗೆ ಕಳಿಸುವ ಗೀತೆಯನ್ನು ಹಾಡಿದರು. ಅವರ ಎಲ್ಲ ಹಾಡುಗಳಲ್ಲಿ ಇದೇ ಮಿಗಿಲೆಂದು ಹೇಳುವವರಿದ್ದಾರೆ. ಆ ಮಾತನ್ನು ಒಪ್ಪಬೇಕೆನಿಸುತ್ತದೆ. ಕಿಸ್ಮತ್‌ನಲ್ಲಿ ರಂಗದ ದನಿ ಇದೆ, ಇಲ್ಲಿ ಅದೇ ದನಿ ತನ್ನನ್ನು ತಾನೇ ತಗ್ಗಿಸಿಕೊಂಡು ಏಕಾಂತಕ್ಕೆ ಇಳಿಯುತ್ತದೆ. 1946ರಲ್ಲಿ ವಿ. ಎಂ. ವ್ಯಾಸರ ರಾಣಕದೇವಿ ಎಂಬ ಗುಜರಾತಿ ಚಿತ್ರಕ್ಕೆ ಹಾಡಿದ ಹಳ್ಳಿಗಾಡಿನ ಗೀತೆ ಗುಜರಾತದಲ್ಲಿ ಮನೆಮನೆಯ ಹಾಡಾಯಿತು. ಕನ್ನಡ ಹೆಣ್ಣುಮಗಳ ಗುಜರಾತಿ ಉಚ್ಚಾರವನ್ನು ಗುಜರಾತಿಗಳೇ ತಮ್ಮದೆಂದು ಒಪ್ಪಿಕೊಂಡರು. ನಡುನಡುವೆ ಕನ್ನಡದ ಹಾಡುಗಳನ್ನೂ ಅವರು ಮುದ್ರಿಸಿದರು.

1948ರ ಶಹನಾಜ್ ಚಿತ್ರಕ್ಕೆ ಅಮೀರ್‌ಬಾಯಿ ಸಂಗೀತ ನಿರ್ದೇಶನವನ್ನೂ ಮಾಡಿದರೆಂಬುದನ್ನು ಬಹಳ ಜನ ಮರೆತಿದ್ದಾರೆ. ಜದ್ದನ್‌ಬಾಯಿ, ಸರಸ್ವತೀದೇವಿಯರಂಥ ಬೆರಳೆಣಿಕೆಯ ಹೆಂಗಸರು ಮಾತ್ರ ಆ ಹೊತ್ತಿಗೆ ಹಿಂದಿ ಚಿತ್ರಗಳಿಗೆ ಸ್ವರ ಸಂಯೋಜಿಸಿದ್ದರು. ಇಪ್ಪತ್ತು ಮೂವತ್ತು ಮಂದಿ ವಾದ್ಯಗಾರರ ಎದುರು ನಿಂತು, ಹೀಗಲ್ಲ ಹಾಗೆ ಎಂದು ಹೇಳುವ ಹಕ್ಕನ್ನು ಹೆಣ್ಣೊಬ್ಬಳು ಗಳಿಸಿಕೊಳ್ಳುವುದು ಆಗ ಸಣ್ಣ ಸಂಗತಿಯಾಗಿರಲಿಲ್ಲ.

ಗೋಹರ್‌ಬಾಯಿಯ ಕಥೆ ಬೇರೆಯೇ ಒಂದು ಲೇಖನವನ್ನು ಬೇಡುತ್ತದೆ. ಇಲ್ಲಿ ಎರಡು ಮಾತು ಸಾಕು. ಮರಾಠಿ ರಂಗಭೂಮಿಯಲ್ಲಿ ಸ್ತ್ರೀಪಾತ್ರಗಳಿಗೆ ಹೆಸರಾಗಿದ್ದ ಬಾಲಗಂಧರ್ವರ ಗಾಯನವನ್ನು ಗೋಹರ್ ತಟ್ಟೆಗಳ ಮೂಲಕವೇ ಕೇಳಿ ಕಲಿತಿದ್ದರು. 1938ರಲ್ಲಿ ಅವರ ಕಂಪನಿಯನ್ನು ಸೇರಿ, ಮುಂದೆ ಅವರ ಬಾಳಸಂಗಾತಿಯಾದರು. ಬಾಲಗಂಧರ್ವರ ಇಳಿಗಾಲ ಆಗಲೇ ಆರಂಭವಾಗಿತ್ತು. ಕಂಪನಿ ಸಾಲದಲ್ಲಿ ಮುಳುಗಿತ್ತು. ಅದರ ಕಾರಣಗಳು ಹಳೆಯವು. ಆದರೂ ಅವನತಿಯ ಹೊಣೆಯನ್ನು ಪುಣೆ ಮುಂಬಯಿಗಳ ರಸಿಕವರ್ಗದ ಒಂದು ಪಾಲು ಹೊರಗಿನಿಂದ ಬಂದ ಈ ಹೆಂಗಸಿನ ತಲೆಗೆ ಕಟ್ಟಿತು. ಕಾಲಿನ ಶಕ್ತಿ ಕುಂದಿದ ನಟನನ್ನು ವರ್ಷಗಟ್ಟಲೆ ನೋಡಿಕೊಂಡವರು ಅವರೇ ಎಂಬುದು ಲೆಕ್ಕಕ್ಕೆ ಬರಲಿಲ್ಲ. ಬಾಲಗಂಧರ್ವರು 1967ರಲ್ಲಿ ತೀರಿಕೊಂಡರು. ಗೋಹರ್ ಅದಕ್ಕೆ ಮುನ್ನವೇ ಕಣ್ಣುಮುಚ್ಚಿದ್ದರು.

ಸಂಸಾರದ ವಿಷಯದಲ್ಲಿ ಅಮೀರ್‌ಬಾಯಿಯ ಹಣೆಬರಹವೂ ಸುಖದ್ದಾಗಿರಲಿಲ್ಲ. ಖಳಪಾತ್ರಗಳಿಗೆ ಹೆಸರಾಗಿದ್ದ ಹಿಮಾಲಯವಾಲಾ ಎಂಬ ನಟರೊಡನೆ ಅವರ ಮೊದಲ ವಿವಾಹವಾಯಿತು. ಅದು ನೋವಿನ ದಾಂಪತ್ಯವಾಗಿತ್ತು. ದೇಶವಿಭಜನೆಯಾದ ಮೇಲೆ ಹಿಮಾಲಯವಾಲಾ ಪಾಕಿಸ್ತಾನಕ್ಕೆ ಹೋದರು. ಅಮೀರ್‌ಬಾಯಿ ಹೋಗಲಿಲ್ಲ. ನೂರ್‌ಜಹಾನ್‌ರಂಥ ತಾರೆಯೇ ಗಡಿ ದಾಟಿದ್ದ ದಿನಗಳವು. ಕರ್ನಾಟಕಿ ಎಂಬ ಹೆಸರು ಹೊತ್ತವರು ಇಲ್ಲಿಯೇ ಉಳಿದರು. ಮುಂದೆ ಪಾರಸ್ ಪತ್ರಿಕೆಯ ಸಂಪಾದಕ ಬದ್ರಿ ಕಾಂಚವಾಲಾ ಅವರನ್ನು ವಿವಾಹವಾದರು. ಈ ಬಾಳು ನೆಮ್ಮದಿಯದಾಗಿತ್ತು.

ವೃತ್ತಿಯಲ್ಲಿ ಮಾತ್ರ ಗಾಳಿ ಬೇರೆ ಕಡೆಗೆ ಬೀಸತೊಡಗಿತ್ತು. 1949ರಲ್ಲಿ ಮಹಲ್, ಬರ್ಸಾತ್, ಅಂದಾಜ್ ಚಿತ್ರಗಳು ಒಂದರ ಹಿಂದೊಂದು ಬಂದವು. ಲತಾ ಮಂಗೇಶ್ಕರ್ ಅವರ ಎಳೆಯಾದ, ತೆಳುವಾದ ದನಿ ನಾಯಕಿಯ ದನಿಯೆಂದರೆ ಹೀಗಿರಬೇಕೆಂಬ ಹೊಸ ಮಾದರಿಯನ್ನು ಸ್ಥಾಪಿಸಿತು. ಮೈಕುಗಳು ಸುಧಾರಿಸಿದ್ದವು. ಪಿಸುಮಾತಿನಂಥ ಹಾಡೂ ಈಗ ಸ್ಪಷ್ಟವಾಗಿ ಮುದ್ರಿತವಾಗುತ್ತಿತ್ತು. ತಂಬುವಿನ ಕೊನೆಯ ಸಾಲಿಗೆ ದನಿ ಎಸೆಯುವ ಅಗತ್ಯ ಯಾರಿಗೂ ಉಳಿದಿರಲಿಲ್ಲ. ಜೋಹರಾಬಾಯಿ, ರಾಜಕುಮಾರಿ, ಅಮೀರ್‌ಬಾಯಿ ಮುಂತಾದವರ ತುಂಬುದನಿಗಳು ಎರಡು ಮೂರು ವರ್ಷಗಳೊಳಗೆ ಹಳೆಯ ಕಾಲದವೆನಿಸಿಬಿಟ್ಟವು. ಇದರಲ್ಲಿ ಯಾರ ದ್ರೋಹವನ್ನೂ ಹುಡುಕಬೇಕಿಲ್ಲ. ಲತಾ ಅವರ ಪ್ರತಿಭೆಯನ್ನು ಕೀಳುಗೈದು ಅಮೀರ್‌ಬಾಯಿಯನ್ನು ಎತ್ತಿಹಿಡಿಯಬೇಕಾಗಿಯೂ ಇಲ್ಲ. ಯಂತ್ರ ಬದಲಾಯಿತು, ರುಚಿ ಬದಲಾಯಿತು. ರಂಗಭೂಮಿಯ ಗಂಟಲಿಗೆ ಅದರಿಂದ ನಷ್ಟವಾಯಿತು.

ಆಗ ಅವರು ಮಾಡಿದ್ದನ್ನು ಗಮನಿಸಬೇಕು. ಮುನಿಸಿಕೊಂಡು ಮನೆ ಸೇರಲಿಲ್ಲ. ಎಲ್ಲಿಂದ ಹೊರಟಿದ್ದರೋ ಅಲ್ಲಿಗೇ, ಪೋಷಕ ಪಾತ್ರಗಳಿಗೆ ಮರಳಿದರು. ದೇಶವೆಲ್ಲ ಗುನುಗಿದ ಹಾಡುಗಳ ಒಡತಿ ತಾಯಿಯಾಗಿ, ಹಿರಿಯ ಹೆಂಗಸಾಗಿ ಕೆಲವೇ ದೃಶ್ಯಗಳಲ್ಲಿ ಬಂದು ಹೋಗತೊಡಗಿದರು. ಗುಜರಾತಿ, ಮಾರವಾಡಿ ಚಿತ್ರಗಳಲ್ಲಿಯೂ ದುಡಿದರು. ಹಳೆಯ ಸ್ಟುಡಿಯೋಗಳು ಮುಚ್ಚುತ್ತಿದ್ದವು, ತಿಂಗಳ ಸಂಬಳದ ಕಾಲ ಮುಗಿದಿತ್ತು. ಕರೆ ಬಂದ ದಿನ ಕೆಲಸ, ಬಾರದ ದಿನ ಇಲ್ಲ. ಪೋಷಕ ನಟಿಯ ಬದುಕು ಎಲ್ಲ ಕಾಲದಲ್ಲಿಯೂ, ಎಲ್ಲ ದೇಶಗಳಲ್ಲಿಯೂ ಹೀಗೆಯೇ ನಡೆದಿದೆ. ಪ್ರೇಕ್ಷಕರಿಗೆ ಮುಖದ ಗುರುತಿರುತ್ತದೆ, ಹೆಸರು ಬಾಯಿಗೆ ಬರುವುದಿಲ್ಲ. ಅಮೀರ್‌ಬಾಯಿಯ ಪಾಡು ಇದಕ್ಕೆ ತಿರುವುಮುರುವು. ಅವರ ದನಿಯ ಗುರುತು ಎಲ್ಲರಿಗೂ ಇತ್ತು, ತೆರೆಯ ಮೇಲೆ ನಿಂತ ಈ ಹೆಂಗಸೇ ಆ ದನಿಯವಳೆಂಬುದು ಕೆಲವರಿಗಷ್ಟೇ ತಿಳಿದಿತ್ತು.

ಗಳಿಕೆಯ ದಿನಗಳಲ್ಲಿ ಅವರು ತವರಿನ ಸೀಮೆಯನ್ನು ಮರೆತಿರಲಿಲ್ಲ. ಬಿಜಾಪುರದಲ್ಲಿ ಅವರ ಹೆಸರಿನಲ್ಲಿಯೇ ಅಮೀರ್ ಟಾಕೀಸ್ ತಲೆಯೆತ್ತಿತು. ಮುಂಬಯಿಯಲ್ಲಿ ಗಳಿಸಿದ ಕಲಾವಿದರು ಮುಂಬಯಿಯಲ್ಲಿಯೇ ಬಂಗಲೆ ಕಟ್ಟುವುದು ವಾಡಿಕೆ. ಈಕೆ ಕಟ್ಟಿಸಿದ್ದು ಚಿತ್ರಮಂದಿರ, ಅದೂ ಗೋಲಗುಮ್ಮಟದ ಊರಿನಲ್ಲಿ. ಹೆಣ್ಣಿನ ಹೆಸರು ಹೊತ್ತ ಟಾಕೀಸುಗಳು ನಾಡಿನಲ್ಲಿ ಬೇಕಾದಷ್ಟಿವೆ, ಹೆಚ್ಚಿನವು ದೇವಿಯರ ಹೆಸರಿನವು ಇ‌ಲ್ಲವೇ ಮಾಲೀಕರ ತಾಯಿ, ಹೆಂಡತಿ, ಮಗಳ ಹೆಸರಿನವು. ತಾನೇ ಹಾಡಿ ಸಂಪಾದಿಸಿದ ಹೆಣ್ಣು ತನ್ನ ಹೆಸರನ್ನು ತಾನೇ ಬರೆಸಿದ್ದು ವಿರಳ.

ಅರವತ್ತರ ದಶಕದ ನಡುವಿನಲ್ಲಿ ಅವರಿಗೆ ಪಾರ್ಶ್ವವಾಯು ಬಡಿಯಿತು. ನಾಲ್ಕು ದಿನಗಳ ಬಳಿಕ, 1965ರ ಮಾರ್ಚ್ 3ರಂದು ನಿಧನರಾದರು. ಅವರನ್ನು ಮಣ್ಣು ಮಾಡಿದ್ದು ಬಿಜಾಪುರದಲ್ಲಿ. ಬೀಳಗಿಯಿಂದ ಹೊರಟ ದಾರಿ ಮುಂಬಯಿಯನ್ನು ಸುತ್ತಿ ಅದೇ ಜಿಲ್ಲೆಗೆ ಮರಳಿ ಬಂದು ನಿಂತಿತು.

ಸತ್ತ ಮೇಲೆ ಅವರ ನೆನಪನ್ನು ಉಳಿಸಿದವರಲ್ಲಿ ಮೊದಲ ಹೆಸರು ಹೇಳಬೇಕಾದದ್ದು ಯಾವ ಅಕಾಡೆಮಿಯದೂ ಅಲ್ಲ, ಸಮುದ್ರದಾಚೆಯ ಒಂದು ಬಾನುಲಿ ಕೇಂದ್ರದ್ದು. ರೇಡಿಯೋ ಸಿಲೋನ್ ಬೆಳಗಿನ ಏಳೂವರೆಗೆ ಹಳೆಯ ಚಿತ್ರಗೀತೆಗಳನ್ನು ಬಿತ್ತರಿಸಿ, ಕೊನೆಗೆ ಸೈಗಲ್ ಅವರ ಹಾಡಿನೊಂದಿಗೆ ಮುಗಿಸುತ್ತಿತ್ತು. ಆ ಅರ್ಧ ಗಂಟೆಯಲ್ಲಿ ಅಮೀರ್‌ಬಾಯಿ ಮತ್ತೆ ಮತ್ತೆ ಹಾಡಿದರು. ಆ ಬಾನುಲಿಯಲ್ಲಿ ನಿರೂಪಕರು ಚಿತ್ರದ ಹೆಸರಿನೊಂದಿಗೆ ಗಾಯಕಿಯ ಹೆಸರನ್ನೂ ತಪ್ಪದೆ ಹೇಳುತ್ತಿದ್ದರು. ತೆರೆ ಕೊಡದಿದ್ದುದನ್ನು ರೇಡಿಯೋ ಕೊಟ್ಟಿತು. ಕನ್ನಡದಲ್ಲಿ ವಿದ್ವಾಂಸ ರಹಮತ್ ತರೀಕೆರೆ ಅವರು ಊರೂರು ಅಲೆದು ವಿವರಗಳನ್ನು ಕಲೆಹಾಕಿ ಅಮೀರ್‌ಬಾಯಿಯ ಜೀವನಚರಿತ್ರೆಯನ್ನು ಬರೆದರು. ಅಲ್ಲಿಯವರೆಗೆ ಆಕೆಯ ಬಗ್ಗೆ ಹಿಂದಿ, ಗುಜರಾತಿ, ಮರಾಠಿ ರಸಿಕರಿಗೆ ತಿಳಿದಿದ್ದಷ್ಟು ಕನ್ನಡಿಗರಿಗೆ ತಿಳಿದಿರಲಿಲ್ಲ.

ಗದಗ–ಹೊಟಗಿ ಮಾರ್ಗ ಬ್ರಾಡ್‌ಗೇಜ್ ಆಗಿದೆ, ಹೊಟಗಿಯಲ್ಲಿ ಗಾಡಿ ಬದಲಿಸುವ ಕಷ್ಟ ಈಗಿಲ್ಲ. ಗಜೇಂದ್ರಗಡ ಪ್ರತ್ಯೇಕ ತಾಲ್ಲೂಕಾಗಿದೆ. ರೋಣದ ಭೀಮಸೇನರಿಗೆ 2008ರಲ್ಲಿ ಭಾರತರತ್ನ ಘೋಷಣೆಯಾದಾಗ ಈ ಸೀಮೆಯ ಊರುಗಳಲ್ಲಿ ಸಿಹಿ ಹಂಚಿದರು. ಬನಶಂಕರಿ ಜಾತ್ರೆಯ ನಾಟಕದ ತಂಬುಗಳಲ್ಲಿ ಹೆಣ್ಣಿನ ಪಾತ್ರಗಳನ್ನು ಈಗ ಹೆಂಗಸರೇ ಮಾಡುತ್ತಾರೆ. ಆಟ ಮುಗಿದು ದೀಪ ಆರಿದ ಮೇಲೆ ತಂಬುವಿನ ಹಿಂದಿನ ಬಿಡಾರದಲ್ಲಿ ಬಣ್ಣ ತೊಳೆದು, ಮಗುವಿಗೆ ಉಣಿಸಿ, ಮಾರನೆಯ ರಾತ್ರಿಯ ಮಾತುಗಳನ್ನು ಬಾಯಿಪಾಠ ಮಾಡಿಕೊಳ್ಳುತ್ತಾರೆ.